ಸಮಸ್ಯೆ: ‘ಗಾಳಿಯೆ ನೆಯ್ದಿತು ಜಲಕ್ಕೆ ಕವಚಮನೊಂದಂ’

ಸಮಸ್ಯೆ ಇಟ್ಟವರು:

ಮಾನ್ಯರೇ, ಈ ವಾರದ ಸಮಸ್ಯೆ ಕಂದಪದ್ಯದ ಕೊನೆಯ ಸಾಲು. ಅದರ ಹಿಂದಿನ ಮೂರು ಸಾಲುಗಳನ್ನು ಕಟ್ಟಿ ಪೂರಣ ಮಾಡುವುದು ತಮ್ಮ ಕೆಲಸ.

ಗಾಳಿಯೆ ನೆಯ್ದಿತು ಜಲಕ್ಕೆ ಕವಚಮನೊಂದಂ

ಪ್ರಾಸ, ಅಂದರೆ ಪ್ರತಿ ಸಾಲಿನ ಎರಡನೆಯ ಅಕ್ಷರ, ಗುರುವಿನ ಮುಂದಿನ ಳಕಾರ. ‘ಜಲಕ್ಕೆ’ ಎಂಬಲ್ಲಿ ಆರನೆಯ ಗಣದ ಜಗಣ (ಲಘು, ಗುರು, ಲಘು) ತಾನಾಗಿ ಕುಳಿತಿದೆಯಾದ್ದರಿಂದ, ಪೂರ್ವಾರ್ಧದಲ್ಲಿ ಅದನ್ನು ಕೂರಿಸುವ ಹೊಣೆ ಮಾತ್ರ ತಮ್ಮದು.

ಸಾಲಿನ ಭಾವ ನನ್ನದಲ್ಲ. 1069ರಿಂದ 1091ರವರೆಗೆ ಸ್ಪೇನಿನ ಸೆವಿಲ್ಲೆಯನ್ನು ಆಳಿದ ಅಲ್ ಮುಅತಮಿದ್ ಸ್ವತಃ ಕವಿ. ಅವನು ಒಂದು ಸಂಜೆ ತನ್ನ ಗೆಳೆಯನೂ ಆಸ್ಥಾನಕವಿಯೂ ಆದ ಇಬ್ನ್ ಅಮ್ಮಾರನೊಡನೆ ನದಿಯ ದಂಡೆಯಲ್ಲಿ ನಡೆದಾಡುತ್ತಿದ್ದಾಗ, ಗಾಳಿ ಬೀಸಿ ನೀರ ಮೇಲೆ ಸಣ್ಣ ಅಲೆಗಳು ಎದ್ದವಂತೆ. ಅವು ಕಬ್ಬಿಣದ ಬಳೆಗಳನ್ನು ಒಂದಕ್ಕೊಂದು ಕೋದು ಹೆಣೆದ ಯುದ್ಧದಂಗಿಯಂತೆ ಕಂಡವು. ಅರಸ ಅರ್ಧ ಸಾಲು ನುಡಿದು ಗೆಳೆಯನ ಮುಖ ನೋಡಿದ:

ಸನಅರ್ ರೀಹು ಮಿನಲ್ ಮಾಇ ಜರದ್

‘ಗಾಳಿ ನೀರಿನಿಂದ ಕವಚವನ್ನು ಮಾಡಿತು’ ಎಂದು ಅರ್ಥ. ಆಶುಕವಿತೆಗೆ ಹೆಸರಾದ ಇಬ್ನ್ ಅಮ್ಮಾರನಿಗೆ ಆ ಹೊತ್ತಿಗೆ ಮಾತು ಹೊರಡಲಿಲ್ಲ. ಹತ್ತಿರದಲ್ಲಿ ಬಟ್ಟೆ ಒಗೆಯುತ್ತಿದ್ದ ಒಬ್ಬ ದಾಸಿ ತಲೆಯೆತ್ತಿ ಉಳಿದರ್ಧವನ್ನು ಹೇಳಿಬಿಟ್ಟಳು:

ಅಯ್ಯು ದಿರ್‌ಇನ್ ಲಿಕಿತಾಲಿನ್ ಲೌ ಜಮದ್

‘ಹೆಪ್ಪುಗಟ್ಟಿದ್ದರೆ ಕಾಳಗಕ್ಕೆ ಎಂಥ ಕವಚವಾಗುತ್ತಿತ್ತು!’ ರುಮೈಕ್ ಎಂಬವನ ಮನೆಯ ದಾಸಿಯಾದ್ದರಿಂದ ಅವಳಿಗೆ ರುಮೈಕಿಯ್ಯಾ ಎಂದು ಹೆಸರು. ಮುಂದೆ ಅವಳೇ ಸೆವಿಲ್ಲೆಯ ರಾಣಿ ಇಅತಿಮಾದ್ ಆದಳು. 17ನೆಯ ಶತಮಾನದ ಅಲ್ ಮಕ್ಕರಿ ತನ್ನ ಆಂದಲೂಸಿಯಾ ಚರಿತ್ರೆಯಲ್ಲಿ ಈ ಕಥೆಯನ್ನು ಹೇಳಿದ್ದಾನೆ. ನಮ್ಮ ಭೋಜರಾಜನ ಕಥೆಗಳನ್ನು ಎಷ್ಟು ನಂಬುತ್ತೇವೋ ಇದನ್ನೂ ಅಷ್ಟೇ ನಂಬಿದರೆ ಸಾಕು. ಧಾರೆಯ ಭೋಜನೂ ಅದೇ 11ನೆಯ ಶತಮಾನದವನು ಎಂಬುದನ್ನು ನೆನೆದಾಗ ನನಗೆ ನಗು ಬರುತ್ತದೆ: ಭೂಮಿಯ ಎರಡು ಕಡೆ ಇಬ್ಬರು ದೊರೆಗಳು, ಇಬ್ಬರ ಕಥೆಗಳಲ್ಲೂ ಅರ್ಧ ಪದ್ಯ ಹಿಡಿದು ಉಳಿದರ್ಧಕ್ಕಾಗಿ ಕಾಯುವ ಚಟ.

ಒಬ್ಬರ ಪದ್ಯವನ್ನು ಇನ್ನೊಬ್ಬರು ಮುಂದುವರಿಸುವುದಕ್ಕೆ ಅರಬ್ಬಿಯಲ್ಲಿ ‘ಇಜಾಜಾ’ ಎನ್ನುತ್ತಾರೆ. ಗುರು ಶಿಷ್ಯನಿಗೆ ಪಾಠ ಹೇಳಲು ಕೊಡುವ ಅನುಮತಿಗೂ ಅದೇ ಹೆಸರು.

ಮೊದಲ ಪೂರಣ:

ದಾಸಿಯ ಉತ್ತರವನ್ನೇ ಕನ್ನಡಕ್ಕೆ ತರುವ ಆಸೆಯಾಯಿತು. ಹೊಸದೇನನ್ನೂ ಹೇಳಿಲ್ಲ.

ಕಾಳಗದೊಳ್ ತೊಡಲಕ್ಕುಂ
ಕೇಳರಸಾ ಪೆಪ್ಪುಗೊಂಡು ನಿಂದೊಡೆ ತಿಳಿನೀರ್
ಓಳಿಯ ಕಿರುದೆರೆವಳೆಯಿಂ
ಗಾಳಿಯೆ ನೆಯ್ದಿತು ಜಲಕ್ಕೆ ಕವಚಮನೊಂದಂ

ಒಂದು ಪ್ರಶ್ನೆ:

‘ಕಿರುದೆರೆವಳೆ’ ಎಂಬ ಸಮಾಸದಲ್ಲಿ ತೆರೆಯೇ ಬಳೆಯಾಗಿ, ಬಳೆಯೇ ಕವಚದ ಕೊಂಡಿಯಾಗುವುದು ಬಹಳ ಹಿಡಿಸಿತು. ಆದರೆ ಸಮಸ್ಯೆ ಇಟ್ಟವರೇ, ತಾವು ಕೊಟ್ಟ ಅರಬ್ಬಿ ಸಾಲುಗಳಿಗೆ ಪ್ರಸ್ತಾರ ಹಾಕಿ ನೋಡಿದರೆ ಮಾತ್ರೆಗಳು ಹೊಂದುತ್ತಿಲ್ಲ. ಮೊದಲರ್ಧಕ್ಕೆ 16 ಮಾತ್ರೆ ಬಂದರೆ ಎರಡನೆಯದಕ್ಕೆ 18 ಬರುತ್ತದೆ. ದಾಸಿ ಛಂದಸ್ಸು ಕೆಡಿಸಿದಳೇ?

ಸಮಸ್ಯೆ ಇಟ್ಟವರು:

ಕೆಡಿಸಲಿಲ್ಲ. ಎರಡರಲ್ಲೂ 11 ಅಕ್ಷರಗಳಿವೆ, ಎಣಿಸಿ ನೋಡಿ. ವೃತ್ತದ ಹೆಸರು ರಮಲ್. ಅದರ ಗಣ ‘ಫಾಇಲಾತುನ್’, ಅಂದರೆ ಗುರು, ಲಘು, ಗುರು, ಗುರು. ಇಲ್ಲಿ ಸಾಲಿನ ಕೊನೆಯ ಗಣದಲ್ಲಿ ಮಾತ್ರ ಕಡೆಯ ಗುರು ಇಲ್ಲ. ಮೊದಲ ಗುರುವಿನ ಜಾಗದಲ್ಲಿ ಲಘು ಬಂದರೂ ಅರಬ್ಬಿ ಕಿವಿಗೆ ಅದು ಒಪ್ಪಿತ. ಅರಸನ ಸಾಲಿನ ಮೂರು ಗಣಗಳೂ ಹಾಗೆ ಲಘುವಿನಿಂದ ಮೊದಲಾಗುತ್ತವೆ. ದಾಸಿಯ ಸಾಲಿನಲ್ಲಿ ನಡುವಿನ ಒಂದು ಮಾತ್ರ. ಹೋದ ಮಾತ್ರೆಯನ್ನು ಬೇರೆಡೆ ತುಂಬಿಕೊಡಬೇಕೆಂಬ ನಮ್ಮ ಲೆಕ್ಕ ಅಲ್ಲಿಲ್ಲ. ಇದೇ ವೃತ್ತ ಪಾರಸಿಗೆ ಹೋದಾಗ ಆ ಸಡಿಲತೆ ಬಹುಮಟ್ಟಿಗೆ ಬಿಗಿಯಿತು. ಪಾರಸಿ ಕವಿ ರೂಮಿಯ ಮಸ್ನವಿ ಕಾವ್ಯ ನಡೆಯುವುದು ಇದೇ ‘ಫಾಇಲಾತುನ್ ಫಾಇಲಾತುನ್ ಫಾಇಲುನ್’ ಧಾಟಿಯಲ್ಲಿ. ಅಲ್ಲಿಂದ ಅದು ಉರ್ದುವಿಗೂ ಬಂದಿತು. ಪೂರ್ಣರೂಪದ ಫಾಇಲಾತುನ್ ಗಣವನ್ನು ಮೂರು ಮತ್ತು ನಾಲ್ಕು ಮಾತ್ರೆಗಳಾಗಿ ಒಡೆದು ಬಾಯಲ್ಲಿ ಹೇಳಿಕೊಂಡರೆ ಭಾಮಿನಿ ಷಟ್ಪದಿಯ ನಡೆ ಕೇಳಿಸುತ್ತದೆ. ಇದು ಕಿವಿಯ ಸಂತೋಷ ಮಾತ್ರ, ಕೊಡುಕೊಳ್ಳುವಿಕೆಯ ಸಾಕ್ಷಿಯಲ್ಲ. ದಯವಿಟ್ಟು ಯಾರೂ ಇದರ ಮೇಲೆ ಪ್ರಬಂಧ ಕಟ್ಟಬಾರದು.

ಇಂಥ ಕೊಡುಕೊಳ್ಳುವಿಕೆಯ ಅನುಮಾನ ಹಳೆಯದೂ ಹೌದು. ಅರಬ್ಬಿ ಛಂದಸ್ಸನ್ನು ಶಾಸ್ತ್ರವಾಗಿ ಕಟ್ಟಿದವನು 8ನೆಯ ಶತಮಾನದ ಬಸ್ರಾದ ಅಲ್ ಖಲೀಲ್. ಕಂಚುಗಾರರ ಬೀದಿಯ ಸುತ್ತಿಗೆ ಪೆಟ್ಟುಗಳನ್ನು ಕೇಳಿ ಅವನಿಗೆ ಲಯದ ಲೆಕ್ಕ ಹೊಳೆಯಿತೆಂದು ಐತಿಹ್ಯ. 1030ರ ಸುಮಾರಿಗೆ ಭಾರತದ ಬಗ್ಗೆ ಬರೆದ ಅಲ್ ಬಿರೂನಿ ನಮ್ಮ ಲಘು ಗುರುಗಳನ್ನು ತನ್ನವರಿಗೆ ವಿವರಿಸುವಾಗ, ಭಾರತೀಯರಿಗೂ ಛಂದಸ್ಸಿದೆ ಎಂಬ ಸುದ್ದಿ ಖಲೀಲನ ಕಿವಿಗೆ ಬಿದ್ದಿರಬಹುದೆಂದು ಕೆಲವರು ಊಹಿಸುತ್ತಾರೆ ಎಂದು ಬರೆದು, ಖಲೀಲನ ಸ್ವಂತಿಕೆಯನ್ನು ಹೊಗಳಿಯೇ ಮುಂದೆ ಹೋಗುತ್ತಾನೆ.

ಖಲೀಲನ ಪರಿಭಾಷೆ ಮಾತ್ರ ಅಪ್ಪಟ ಮರುಭೂಮಿಯದು. ಪದ್ಯಕ್ಕೆ ‘ಬೈತ್’, ಅಂದರೆ ಬೀಡು, ಗುಡಾರ. ಗಣದ ತುಂಡುಗಳಿಗೆ ‘ಸಬಬ್’ ಮತ್ತು ‘ವತಿದ್’: ಗುಡಾರದ ಹಗ್ಗ ಮತ್ತು ಗೂಟ. ಅರ್ಧ ಸಾಲಿಗೆ ‘ಮಿಸ್ರಾ’, ಅಂದರೆ ಜೋಡಿ ಬಾಗಿಲಿನ ಒಂದು ಕದ. ಅರಸ ಒಂದು ಕದ ನಿಲ್ಲಿಸಿದ, ಅಗಸಗಿತ್ತಿ ಇನ್ನೊಂದನ್ನು ಕೂಡಿಸಿದಳು. ಉರ್ದುವಿನ ತರಹೀ ಮುಷಾಯಿರಾಗಳಲ್ಲಿ (ಕೊಟ್ಟ ಸಾಲಿನ ಮೇಲೆ ಪದ್ಯ ಕಟ್ಟುವ ಕವಿಗೋಷ್ಠಿಗಳಲ್ಲಿ) ಮೊದಲೇ ಹಂಚುವ ಸಾಲಿಗೂ ಮಿಸ್ರಾ ಎಂದೇ ಹೆಸರು. ನಮ್ಮ ಕನ್ನಡ ಗಜಲ್ ಕವಿಗಳ ಬಾಯಲ್ಲಿ ದಿನವೂ ಆಡುವ ಕಾಫಿಯಾ (ಪ್ರಾಸ), ರದೀಫ್ ಎಂಬ ಮಾತುಗಳೂ ಅಲ್ಲಿಯವೇ. ‘ರದೀಫ್’ ಎಂದರೆ ಒಂದೇ ಒಂಟೆಯ ಮೇಲೆ ಸವಾರನ ಬೆನ್ನಿಗೆ ಕುಳಿತು ಬರುವವನು. ಪ್ರಾಸದ ಹಿಂದೆ ಪ್ರತಿ ಸಲವೂ ಬಂದು ಕೂರುವ ಪದಕ್ಕೆ ಇದಕ್ಕಿಂತ ಒಳ್ಳೆಯ ಹೆಸರು ನನಗೆ ಹೊಳೆಯುವುದಿಲ್ಲ.

ಎರಡನೆಯ ಪೂರಣ:

ಕಥೆಯನ್ನು ನದಿಯ ದಂಡೆಯಲ್ಲೇ ನಿಲ್ಲಿಸುವುದು ನ್ಯಾಯವಲ್ಲ ಎನ್ನಿಸಿ ಇದನ್ನು ಬರೆದೆ. 1091ರಲ್ಲಿ ಮೊರಾಕೊದ ಅಲ್ಮೊರಾವಿದರು ಸೆವಿಲ್ಲೆಯನ್ನು ಹಿಡಿದು, ಅರಸನನ್ನು ಕುಟುಂಬಸಮೇತ ಮರಾಕೇಶಿನ ಬಳಿಯ ಅಘ್ಮಾತಿಗೆ ಸೆರೆಯಾಳಾಗಿ ಒಯ್ದರು. 1095ರಲ್ಲಿ ಅವನು ಸತ್ತದ್ದು ಅಲ್ಲಿಯೇ. ಈ ನಡುವೆ ಒಂದು ಹಬ್ಬದ ದಿನ ಹೆಣ್ಣುಮಕ್ಕಳು ಹರಕು ಬಟ್ಟೆಯಲ್ಲಿ ತಂದೆಯನ್ನು ನೋಡಲು ಬಂದರು. ಅವರು ಊರವರಿಗೆ ನೂಲು ತೆಗೆದು ಹೊಟ್ಟೆ ಹೊರೆಯುತ್ತಿದ್ದರು. ಆಗ ಅವನು ಕಟ್ಟಿದ ಪದ್ಯದಲ್ಲಿ, ಬರಿಗಾಲಿನಲ್ಲಿ ಕೆಸರು ತುಳಿಯುವ ಇವರು ಎಂದೂ ಕಸ್ತೂರಿ ಕರ್ಪೂರಗಳನ್ನು ತುಳಿದವರೇ ಅಲ್ಲವೇನೋ ಎಂಬಂತಿದ್ದಾರೆ ಎಂಬ ಮಾತು ಬರುತ್ತದೆ. ಅದು ಅಲಂಕಾರಕ್ಕೆ ಹೇಳಿದ ಮಾತಲ್ಲ. ಹಿಂದೊಮ್ಮೆ ಇಅತಿಮಾದಳು ಕೆಸರು ತುಳಿಯುವ ಹೆಂಗಸರನ್ನು ಕಂಡು ತನಗೂ ಹಾಗೆ ತುಳಿಯುವ ಆಸೆ ಎಂದಾಗ, ಅರಸ ಕಸ್ತೂರಿ ಕರ್ಪೂರಗಳನ್ನು ಪನ್ನೀರಿನಲ್ಲಿ ಕಲಸಿ ಅರಮನೆಯಂಗಳದಲ್ಲಿ ಕೆಸರು ಮಾಡಿಸಿದ್ದನೆಂಬ ಕಥೆ ಅದರ ಹಿಂದಿದೆ.

ತಾಳದೆ ಪಸಿವಂ ಪೆಣ್ಗಳ್
ಬಾಳಲ್ಕೆಂದನ್ಯರಲ್ಲಿ ನೂಲ್ತಿರಲಕಟಾ
ನಾಳೆಯ ಕೇಡರಿಯದೆ ಮುಂ
ಗಾಳಿಯೆ ನೆಯ್ದಿತು ಜಲಕ್ಕೆ ಕವಚಮನೊಂದಂ

ಮೊದಲ ಪೂರಣದವರು:

ನೂಲುವುದನ್ನೂ ನೆಯ್ಯುವುದನ್ನೂ ಎದುರುಬದುರು ಇಟ್ಟ ಜಾಣ್ಮೆಗೆ ನಮಸ್ಕಾರ. ಆದರೆ ಹಳಗನ್ನಡದ ಮಡಿ ನನ್ನನ್ನು ಬಿಡುವುದಿಲ್ಲ. ಬದುಕು ಎಂಬರ್ಥದ ಬಾಳ್, ಹಳಗನ್ನಡದಲ್ಲಿ ಬೇರೆಯೇ ಅಕ್ಷರವಾದ ರಳದ್ದು, ‘ಬಾೞ್’. ಗಾಳಿಯ ಳಕಾರದೊಡನೆ ಅದಕ್ಕೆ ಪ್ರಾಸ ಕೂಡದು. ಖಡ್ಗ ಎಂಬರ್ಥದ ಬಾಳ್ ಆಗಿದ್ದರೆ ನಾನು ಸುಮ್ಮನಿರುತ್ತಿದ್ದೆ. ‘ಆಳಾಗುತ್ತನ್ಯರಲ್ಲಿ’ ಎಂದು ತಿದ್ದಿದರೆ ಗಣಗಳೂ ಕೆಡುವುದಿಲ್ಲ.

ಎರಡನೆಯ ಪೂರಣದವರು:

ತಪ್ಪೊಪ್ಪಿಕೊಂಡೆ, ತಿದ್ದುಪಡಿಯನ್ನು ಹಾಗೆಯೇ ಸ್ವೀಕರಿಸಿದ್ದೇನೆ. ನನ್ನ ಮೂಲ ಪಾಠಕ್ಕಿಂತ ಅದೇ ಮೇಲು. ಆಳಿದವನ ಮಕ್ಕಳು ಆಳಾದರು ಎಂಬ ಮಾತು ಒಂದೇ ಧಾತುವಿನೊಳಗೆ ಅಡಕವಾಗಿ ಬಂದಿತು.

ಸಮಸ್ಯೆ ಇಟ್ಟವರು:

ಅರಸನ ಮೂಲಪದ್ಯದಲ್ಲಿಯೂ ಇಂಥದೇ ಒಂದು ಧಾತು ಕೂತಿದೆ. ‘ಅವರು ನೂಲುತ್ತಾರೆ’ ಎಂಬುದಕ್ಕೆ ಅವನು ಬಳಸಿದ ಮಾತು ‘ಯಗ್ಜಿಲ್ನ’. ನೂಲುವ ಆ ಧಾತುವಿಗೂ ಪ್ರೇಮಕವಿತೆ ಎಂಬರ್ಥದ ‘ಗಜಲ್’ ಪದಕ್ಕೂ ಅರಬ್ಬಿಯಲ್ಲಿ ಅವೇ ಮೂರು ವ್ಯಂಜನಗಳು. ಅರಸ ಅದನ್ನು ಉದ್ದೇಶಿಸಿಯೇ ಬರೆದನೆಂದು ನಾನು ವಾದಿಸುವುದಿಲ್ಲ. ಆದರೆ ಯೌವನದಲ್ಲಿ ಗಜಲುಗಳನ್ನು ಬರೆದವನ ಕಿವಿಗೆ ಅದು ತಾಗದೆ ಹೋಗಿರಲಿಕ್ಕಿಲ್ಲ.

ಮೂರನೆಯ ಪೂರಣ:

ನಾನು ಸೆವಿಲ್ಲೆಯಿಂದ ಇನ್ನೂ ಹಿಂದಕ್ಕೆ, 6ನೆಯ ಶತಮಾನದ ಅರಬ್ಬಿ ಕವಿ ಇಮ್ರುಲ್ ಕೈಸನ ಕಡೆಗೆ ಹೋಗಿದ್ದೇನೆ. ಅವನ ಪ್ರಸಿದ್ಧ ಕಸೀದಾ (ದೀರ್ಘ ಕವಿತೆ) ‘ಕಿಫಾ ನಬ್ಕಿ’ ಎಂದು ಮೊದಲಾಗುತ್ತದೆ: ‘ನಿಲ್ಲಿರಿ ಇಬ್ಬರೂ, ಅಳೋಣ.’ ನಲ್ಲೆಯ ಕಡೆಯವರು ಗುಡಾರ ಕಿತ್ತುಕೊಂಡು ಹೋದ ಜಾಗದಲ್ಲಿ ಒಂಟೆ ನಿಲ್ಲಿಸಿ ಅಳುವುದು ಆಮೇಲಿನ ಕವಿಗಳಿಗೆಲ್ಲ ಕಾವ್ಯ ತೊಡಗುವ ರೂಢಿಯೇ ಆಗಿಹೋಯಿತು. ಇಲ್ಲಿ ಗಾಳಿಯೆಂದರೆ ಉಸಿರು, ಜಲವೆಂದರೆ ಕಣ್ಣೀರು.

ಧೂಳಿಯೊಳಡಗಿದ ಬೀಡಂ
ಕೇಳಿರ್ ಕಂಡತ್ತ ಕವಿಯ ಪಾಡುಸಿರೆಂಬಾ
ತಾಳಲ್ಕೆಂದೆವೆಯೊಳಗಣ
ಗಾಳಿಯೆ ನೆಯ್ದಿತು ಜಲಕ್ಕೆ ಕವಚಮನೊಂದಂ

ಎರಡನೆಯ ಪೂರಣದವರು:

ಮೂವರಲ್ಲಿ ಸಮಸ್ಯೆಯನ್ನು ನಿಜವಾಗಿ ಬಿಡಿಸಿದವರು ತಾವೊಬ್ಬರೇ. ನಾವಿಬ್ಬರೂ ಕಥೆ ಹೇಳಿದೆವು. ಆರನೆಯ ಗಣದಲ್ಲಿ ಜಗಣದ ಬದಲಿಗೆ ಸಲ್ಲುವ ಸರ್ವಲಘು (ನಾಲ್ಕೂ ಲಘು) ಇಟ್ಟು, ಮೊದಲ ಲಘುವಿನ ಮೇಲೆ ಯತಿಯನ್ನೂ (ಪದ ಮುಗಿಯುವ ನಿಲುಗಡೆಯನ್ನೂ) ಪಾಲಿಸಿದ್ದೀರಿ. ತೊಡಕಿರುವುದು ಮೂರನೆಯ ಸಾಲಿನಲ್ಲಿ. ‘ಎವೆಯೊಳಗಣ’ ಎಂಬುದು ಜಲಕ್ಕೆ ಸೇರಬೇಕು, ಪಕ್ಕದಲ್ಲಿ ಗಾಳಿ ಇರುವುದರಿಂದ ಅದಕ್ಕೆ ತಗುಲಿಕೊಂಡಿದೆ. ದೂರಾನ್ವಯ.

ಮೂರನೆಯ ಪೂರಣದವರು:

ನಿಜ. ‘ತಾಳಿಸಿ ಕಣ್ಣೊಳಗಳಲಂ’ ಎಂದರೆ ಹೇಗೆ?

ಮೊದಲ ಪೂರಣದವರು:

ಅನ್ವಯ ಸರಿಹೋಯಿತು, ಆದರೆ ತಾಳಿಸುವುದು ಎಂದರೆ ಒಗ್ಗರಣೆ ಕೊಡುವುದು ಎಂಬರ್ಥವೂ ಇದೆ. ಮರುಭೂಮಿಯ ಕವಿಯ ಅಳಲಿಗೆ ಸಾಸಿವೆ ಸಿಡಿಸಿದಂತಾಯಿತು. ‘ತಾಳಲ್’ ಎಂದಷ್ಟೇ ಇಡಿ, ಎರಡು ಲಘುಗಳ ಜಾಗಕ್ಕೆ ಒಂದು ಗುರು ಬರುತ್ತದೆ.

ಮೂರನೆಯ ಪೂರಣದವರು:

ಇಟ್ಟಿದ್ದೇನೆ.

ಧೂಳಿಯೊಳಡಗಿದ ಬೀಡಂ
ಕೇಳಿರ್ ಕಂಡತ್ತ ಕವಿಯ ಪಾಡುಸಿರೆಂಬಾ
ತಾಳಲ್ ಕಣ್ಣೊಳಗಳಲಂ
ಗಾಳಿಯೆ ನೆಯ್ದಿತು ಜಲಕ್ಕೆ ಕವಚಮನೊಂದಂ