ಶುಂಠಿಗೆ ಬಂದ ರೋಗವೂ ಸ್ಯೂಡೋಮೊನಾಸ್, ನಾನು ಹಚ್ಚಿದ ಪುಡಿಯೂ ಸ್ಯೂಡೋಮೊನಾಸ್?

ಆನಂದಪುರ_ಶುಂಠಿ:
ಎಲ್ಲರಿಗೂ ನಮಸ್ಕಾರ. ಆನಂದಪುರದ ಹತ್ತಿರ ಒಂದೂವರೆ ಎಕರೆ ಶುಂಠಿ ಹಾಕಿದ್ದೇನೆ. ಮಳೆ ಜೋರಾದ ಮೇಲೆ ಒಂದು ಮೂಲೆಯಲ್ಲಿ ಗಿಡ ಬಾಡಲು ಶುರುವಾಯಿತು, ಈಗ ಐದಾರು ಮಡಿಗೆ ಹಬ್ಬಿದೆ. ಔಷಧಿ ಅಂಗಡಿಯಲ್ಲಿ ಗಿಡ ನೋಡದೆಯೇ ಕೊಳೆ ಅಂತ ಹೇಳಿ ಮೆಟಲಾಕ್ಸಿಲ್ ಕೊಟ್ಟರು. ಎರಡು ಸಲ ಬುಡಕ್ಕೆ ಹುಯ್ದೆ, ನಿಲ್ಲಲಿಲ್ಲ. ಆಮೇಲೆ ಗಿಡವನ್ನು ಮಣ್ಣಿನ ಸಮೇತ ಲ್ಯಾಬಿಗೆ ಕಳಿಸಿದೆ. ರಿಪೋರ್ಟಿನಲ್ಲಿ ‘ರಾಲ್‌ಸ್ಟೋನಿಯಾ ಸ್ಯೂಡೋಸೊಲನೇಸಿಯಾರಮ್, ಗ್ರಾಮ್ ನೆಗೆಟಿವ್’ ಅಂತ ಬಂದಿದೆ. ಅಪ್ಪನ ಹಳೇ ಕೃಷಿ ಪುಸ್ತಕದಲ್ಲಿ ಶುಂಠಿ ಸೊರಗು ರೋಗಕ್ಕೆ ‘ಸ್ಯೂಡೋಮೊನಾಸ್ ಸೊಲನೇಸಿಯಾರಮ್’ ಅಂತ ಇದೆ. ಬೀಜದ ಗೆಡ್ಡೆಗೆ ನಾನು ಹಚ್ಚಿದ ಪುಡಿಯ ಪ್ಯಾಕೆಟ್ ಮೇಲೂ ಸ್ಯೂಡೋಮೊನಾಸ್ ಅಂತಲೇ ಇದೆ! ರೋಗವನ್ನು ನಾನೇ ಕೈಯಾರೆ ಹಚ್ಚಿದೆನಾ? ಎರಡು ರಾತ್ರಿಯಿಂದ ನಿದ್ದೆ ಇಲ್ಲ.

ಸೂಕ್ಷ್ಮ_ಶಿವಮೊಗ್ಗ:
ಅಣ್ಣಾ, ಮೊದಲು ನಿದ್ದೆ ಮಾಡಿ. ನೀವು ಹಚ್ಚಿಲ್ಲ. ಪ್ಯಾಕೆಟ್ ಮೇಲೆ ಪೂರ್ತಿ ಹೆಸರು ಓದಿ, ‘ಸ್ಯೂಡೋಮೊನಾಸ್ ಫ್ಲೂರೋಸೆನ್ಸ್’ ಅಂತ ಇರುತ್ತದೆ. ಅದು ಬೇರುಗಳ ಸುತ್ತ ಬದುಕುವ ಒಳ್ಳೆಯ ಬ್ಯಾಕ್ಟೀರಿಯಾ. ಅದರ ಬಣ್ಣದ ವಸ್ತು ಅಲ್ಟ್ರಾವಯಲೆಟ್ ಬೆಳಕಿನಲ್ಲಿ ಹೊಳೆಯುತ್ತದೆ, ಅದಕ್ಕೇ ಆ ಹೆಸರು.

ಗೊಂದಲ ಹುಟ್ಟಿದ್ದು ಹಳೇ ಹೆಸರಿನಿಂದ. ನಿಮ್ಮ ರೋಗದ ಬ್ಯಾಕ್ಟೀರಿಯಾಕ್ಕೆ 1896ರಲ್ಲಿ ಅಮೆರಿಕದ ಎರ್ವಿನ್ ಸ್ಮಿತ್ ಇಟ್ಟ ಹೆಸರು ಬ್ಯಾಸಿಲಸ್ ಸೊಲನೇಸಿಯಾರಮ್. ಟೊಮೆಟೊ, ಬದನೆ, ಆಲೂಗಡ್ಡೆ ಇರುವ ಸೊಲನೇಸಿ ಕುಟುಂಬದಿಂದ ಬಂದ ಹೆಸರು ಅದು. ಆಗ ಗುರುತು ಹಿಡಿಯಲು ಇದ್ದದ್ದು ಮೈಕ್ರೋಸ್ಕೋಪು ಮತ್ತು ಬಣ್ಣ. 1884ರಲ್ಲಿ ಗ್ರಾಮ್ ಎಂಬ ಡ್ಯಾನಿಶ್ ವೈದ್ಯ ಕಂಡುಹಿಡಿದ ವಿಧಾನ ಇವತ್ತಿಗೂ ನಮ್ಮ ಪ್ರಾಕ್ಟಿಕಲ್‌ನಲ್ಲಿ ಮೊದಲ ಪಾಠ: ನೇರಳೆ ಬಣ್ಣ ಹಾಕಿ, ಅಯೋಡಿನ್ ಹಾಕಿ, ಆಲ್ಕೋಹಾಲಿನಲ್ಲಿ ತೊಳೆದರೆ ದಪ್ಪ ಗೋಡೆಯ ಜೀವಿಗಳು ನೇರಳೆಯಾಗಿಯೇ ಉಳಿಯುತ್ತವೆ, ಉಳಿದವು ಬಣ್ಣ ಬಿಡುತ್ತವೆ, ಆಮೇಲೆ ಹಾಕುವ ಕೆಂಪು ಬಣ್ಣ ಹೀರಿ ಗುಲಾಬಿಯಾಗುತ್ತವೆ. ಅವೇ ಗ್ರಾಮ್ ನೆಗೆಟಿವ್. ನಿಮ್ಮ ಪ್ಯಾಕೆಟ್ಟಿನದ್ದೂ ರೋಗದ್ದೂ ಎರಡೂ ಗುಲಾಬಿ, ಎರಡೂ ಸಣ್ಣ ಕಡ್ಡಿಯ ಆಕಾರ, ಎರಡಕ್ಕೂ ಬಾಲ. ಹೊರಗಿನಿಂದ ನೋಡಿದರೆ ಅಣ್ಣತಮ್ಮಂದಿರೇ. ಹಾಗಾಗಿ 1914ರಲ್ಲಿ ರೋಗದ್ದನ್ನೂ ಸ್ಯೂಡೋಮೊನಾಸ್ ಗುಂಪಿಗೆ ಸೇರಿಸಿದರು.

ಮುಂದೆ ಜೀನ್ ಓದುವುದು ಬಂತು. ಎಲ್ಲ ಬ್ಯಾಕ್ಟೀರಿಯಾಗಳಲ್ಲೂ ಇರುವ 16ಎಸ್ ಎಂಬ ಜೀನ್‌ನಲ್ಲಿ ಸುಮಾರು 1500 ಡಿಎನ್‌ಎ ಅಕ್ಷರ ಇವೆ. ಅದನ್ನು ಅಕ್ಷರಕ್ಕೆ ಅಕ್ಷರ ಹೋಲಿಸಿದರೆ ಯಾರು ಯಾರಿಗೆ ಹತ್ತಿರ ಅಂತ ಗೊತ್ತಾಗುತ್ತದೆ. ಇವೆರಡರ ಕುಟುಂಬವೇ ಬೇರೆ ಅಂತ ತಿಳಿಯಿತು. ರೋಗದ್ದನ್ನು 1992ರಲ್ಲಿ ಬರ್ಕ್‌ಹೋಲ್ಡೇರಿಯಾ ಗುಂಪಿಗೆ, 1995ರಲ್ಲಿ ರಾಲ್‌ಸ್ಟೋನಿಯಾ ಎಂಬ ಹೊಸ ಗುಂಪಿಗೆ ಸೇರಿಸಿದರು, 2014ರಲ್ಲಿ ಆ ರೋಗದ ಬ್ಯಾಕ್ಟೀರಿಯಾವನ್ನೂ ಮೂರು ಜಾತಿಯಾಗಿ ಒಡೆದರು. ನಿಮ್ಮದು ಅದರಲ್ಲೊಂದು. ಜೀವಿ ಹೊಸದಲ್ಲ ಅಣ್ಣಾ, ನಿಮ್ಮ ಅಪ್ಪನ ಪುಸ್ತಕದಲ್ಲಿ ಇರುವುದೇ ಇದು.

ಹೊಸನಗರ_ತೋಟ:
ತಮ್ಮಾ ಚೆನ್ನಾಗಿ ಹೇಳಿದ್ದೀಯ. ನಾನು ಶುಂಠಿಯಲ್ಲಿ ಎರಡು ಸಲ ಪೂರ್ತಿ ಕಳೆದುಕೊಂಡವನು, ಆದ್ದರಿಂದ ಹೊಲದ ಮಾತು ಹೇಳುತ್ತೇನೆ. ಲ್ಯಾಬಿಗೆ ಕಳಿಸುವ ಮೊದಲೇ ಮನೆಯಲ್ಲಿ ಒಂದು ಪರೀಕ್ಷೆ ಮಾಡಬಹುದು. ಈಗಷ್ಟೇ ಬಾಡಿದ ಗಿಡದ ಕಾಂಡವನ್ನು ಬುಡದ ಹತ್ತಿರ ಎರಡು ಮೂರು ಇಂಚು ಕತ್ತರಿಸಿ, ಗಾಜಿನ ಲೋಟದಲ್ಲಿ ತಿಳಿ ನೀರು ತುಂಬಿ, ಕತ್ತರಿಸಿದ ತುದಿ ನೀರಿಗೆ ಮುಟ್ಟುವಂತೆ ಹಿಡಿಯಿರಿ. ಅಲ್ಲಾಡಿಸಬೇಡಿ. ಬ್ಯಾಕ್ಟೀರಿಯಾ ಆಗಿದ್ದರೆ ಕೆಲವೇ ನಿಮಿಷದಲ್ಲಿ ಹಾಲಿನ ಎಳೆ ಹಾಗೆ ಬಿಳಿ ದಾರ ಇಳಿಯುತ್ತದೆ. ಕೊಳೆ ರೋಗದಲ್ಲಿ ಹೀಗೆ ಬರುವುದಿಲ್ಲ. ಅದಕ್ಕೆ ಕಾರಣ ಪಿಥಿಯಮ್ ಎಂಬ ಶಿಲೀಂಧ್ರದಂಥ ಜೀವಿ, ಬ್ಯಾಕ್ಟೀರಿಯಾ ಅಲ್ಲವೇ ಅಲ್ಲ. ಅದಕ್ಕೆ ಕೊಡುವ ಮೆಟಲಾಕ್ಸಿಲ್ ಬ್ಯಾಕ್ಟೀರಿಯಾಕ್ಕೆ ತಾಗುವುದೇ ಇಲ್ಲ. ನಿಮ್ಮ ದುಡ್ಡು ಹೋಗಿದ್ದು ಅಲ್ಲೇ.

ಗಿಡ ನೋಡದೆ ಔಷಧಿ ಕೊಡುವವರನ್ನು ಕಂಡರೆ ನನಗೆ ನಿಜವಾಗಲೂ ಸಿಟ್ಟು ಬರುತ್ತದೆ. ಒಂದು ಲೋಟ ನೀರಿನ ಕೆಲಸ ಅಲ್ವಾ ಇದು?

ಆನಂದಪುರ_ಶುಂಠಿ:
ಈಗ ಮಾಡಿ ನೋಡಿದೆ. ಎರಡೇ ನಿಮಿಷಕ್ಕೆ ಬಿಳಿ ಎಳೆ ಇಳಿಯಿತು. ಹೆಂಡತಿಯನ್ನೂ ಕರೆದು ತೋರಿಸಿದೆ. ಪ್ಯಾಕೆಟ್ ಮೇಲೂ ಫ್ಲೂರೋಸೆನ್ಸ್ ಅಂತಲೇ ಇದೆ, ದೊಡ್ಡ ಭಾರ ಇಳಿಯಿತು. ಈಗ ಉಳಿದ ಮಡಿಗಳ ಗತಿ ಏನು? ಇನ್ನೊಂದು, ನಮ್ಮ ಭಾವನ ಊರು ಕೊಪ್ಪ. ಅಲ್ಲಿ ಅಡಿಕೆಗೆ ಹಳದಿ ಎಲೆ ರೋಗ. ಅದನ್ನೂ ಹೀಗೆ ಲೋಟದಲ್ಲಿ ನೋಡಬಹುದಾ?

ಸೂಕ್ಷ್ಮ_ಶಿವಮೊಗ್ಗ:
ಆಗಲ್ಲ ಅಣ್ಣಾ. ಅದಕ್ಕೆ ಕಾರಣ ಫೈಟೋಪ್ಲಾಸ್ಮಾ. ಅದೂ ಬ್ಯಾಕ್ಟೀರಿಯಾವೇ, ಆದರೆ ಗೋಡೆಯೇ ಇಲ್ಲದ್ದು. ನಿಮ್ಮ ರಾಲ್‌ಸ್ಟೋನಿಯಾವನ್ನು ಲ್ಯಾಬಿನ ತಟ್ಟೆಯಲ್ಲಿ ಬೆಳೆಸಬಹುದು, ಟೆಟ್ರಾಜೋಲಿಯಮ್ ಎಂಬ ರಾಸಾಯನಿಕ ಹಾಕಿದ ಅಗಾರ್ ಜೆಲ್ಲಿಯ ಮೇಲೆ ನಡುವೆ ಗುಲಾಬಿ ಇರುವ ಬಿಳಿ ಲೋಳೆ ಚುಕ್ಕೆಗಳಾಗಿ ಬರುತ್ತದೆ. ಫೈಟೋಪ್ಲಾಸ್ಮಾ ಹಾಗೆ ಸುಲಭಕ್ಕೆ ಬೆಳೆಯುವುದಿಲ್ಲ. ಮರದ ಒಳಗಿಂದ ಡಿಎನ್‌ಎ ತೆಗೆದು ಪಿಸಿಆರ್ (ಡಿಎನ್‌ಎಯ ಒಂದು ತುಣುಕನ್ನು ಲಕ್ಷಾಂತರ ಪ್ರತಿ ಮಾಡುವ ಪರೀಕ್ಷೆ) ಮಾಡಿಯೇ ಗುರುತು ಹಿಡಿಯಬೇಕು. ಸುಮ್ನೆ ಎಲೆ ಹಳದಿಯಾದ ಮಾತ್ರಕ್ಕೆ ಅದೇ ರೋಗ ಅನ್ನಲೂ ಆಗಲ್ಲ, ನೀರು ನಿಂತರೂ ಪೋಷಕಾಂಶ ಕಡಿಮೆಯಾದರೂ ಹಳದಿಯಾಗುತ್ತದೆ.

ಹೊಸನಗರ_ತೋಟ:
ಉಳಿದ ಮಡಿಗೆ ನಾಳೆ ಬೆಳಗ್ಗೆಯೇ ಕೈ ಹಾಕಿ. ಬಾಡಿದ ಗಿಡವನ್ನು ಗೆಡ್ಡೆ, ಮಣ್ಣು ಸಮೇತ ಚೀಲಕ್ಕೆ ಹಾಕಿ ಹೊರಗೆ ಒಯ್ಯಿರಿ, ಬಸಿಗಾಲುವೆಗೆ ಎಸೆಯಬೇಡಿ. ರೋಗದ ಮಡಿಯ ನೀರು ಕೆಳಗಿನ ಮಡಿಗೆ ಹೋಗದ ಹಾಗೆ ಕಾಲುವೆ ತಿರುಗಿಸಿ. ಗುದ್ದಲಿ ತೊಳೆಯದೆ ಒಳ್ಳೆ ಮಡಿಗೆ ಇಳಿಯಬೇಡಿ. ಈ ಹೊಲದ ಗೆಡ್ಡೆ ಎಷ್ಟೇ ಚೆನ್ನಾಗಿ ಕಂಡರೂ ಬೀಜಕ್ಕೆ ಇಡಬೇಡಿ, ಮಾರುವವರಿಗೂ ಬೀಜ ಅಂತ ಕೊಡಬೇಡಿ, ನನಗೆ ರೋಗ ಬಂದದ್ದು ಹಾಗೇ. ಮುಂದಿನ ವರ್ಷ ಅಲ್ಲಿ ಶುಂಠಿ, ಮೆಣಸಿನಕಾಯಿ, ಬದನೆ, ಟೊಮೆಟೊ ಯಾವುದೂ ಬೇಡ. ನೀರು ನಿಲ್ಲುವ ಜಾಗವಾದರೆ ಭತ್ತ ಹಾಕಿ. ಮಳೆ ಬಿಟ್ಟ ಹೊತ್ತಿಗೆ ಫೋಟೋ ಹಾಕಿ, ನೋಡೋಣ.