‘ಡಾಪ್ಲರ್’ ಕಾದಂಬರಿ: ನಕ್ಕ ಮೇಲೆ ಉಳಿಯುವ ಸಂಕಟ ಯಾರ ಕುರಿತದ್ದು?

ಹೊಳೆದಂಡೆ (ಪ್ರಶ್ನೆ)

ಎಲ್ಲರಿಗೂ ನಮಸ್ಕಾರ. ನಾರ್ವೆಯ ಲೇಖಕ ಎರ್ಲೆಂಡ್ ಲೋ 2004ರಲ್ಲಿ ಬರೆದ ‘ಡಾಪ್ಲರ್’ ಕಾದಂಬರಿಯನ್ನು ಡಾನ್ ಬಾರ್ಟ್‌ಲೆಟ್ ಮತ್ತು ಡಾನ್ ಶಾ ಅವರ ಇಂಗ್ಲಿಷ್ ಅನುವಾದದಲ್ಲಿ ಎರಡು ಸಲ ಓದಿದ್ದೇನೆ. ಮೊದಲ ಓದಿನಲ್ಲಿ ಬಿದ್ದು ಬಿದ್ದು ನಕ್ಕ ಪುಟಗಳಲ್ಲೇ ಎರಡನೆಯ ಓದಿನಲ್ಲಿ ಗಂಟಲು ಕಟ್ಟಿತು. ಹಾಗಾದದ್ದು ಏಕೆ ಎಂದು ಇಲ್ಲಿನ ಓದುಗರನ್ನು ಕೇಳಬೇಕೆನ್ನಿಸಿದೆ. ಮುಂದೆ ಕತೆಯ ವಿವರಗಳಿವೆ, ಓದದವರು ಗಮನಿಸಬೇಕು.

ಆಂಡ್ರಿಯಾಸ್ ಡಾಪ್ಲರ್ ಓಸ್ಲೋ ನಗರದವನು. ಒಳ್ಳೆಯ ಕೆಲಸ, ಸ್ವಂತ ಮನೆ, ಹೆಂಡತಿ, ಹದಿಹರೆಯದ ಮಗಳು ಮತ್ತು ಪುಟ್ಟ ಮಗ ಇರುವ ಈ ಮನುಷ್ಯನ ತಂದೆ ತೀರಿಕೊಳ್ಳುತ್ತಾರೆ. ಅದಾದ ಸ್ವಲ್ಪ ದಿನಕ್ಕೆ ಅವನು ಕಾಡಿನ ದಾರಿಯಲ್ಲಿ ಸೈಕಲ್ಲಿನಿಂದ ಬಿದ್ದು ತಲೆಗೆ ಪೆಟ್ಟು ಮಾಡಿಕೊಳ್ಳುತ್ತಾನೆ. ಅಲ್ಲಿ ಮಲಗಿರುವಾಗ, ಸ್ನಾನದ ಮನೆಗೆ ಯಾವ ಟೈಲ್ಸ್ ಹಾಕಿಸಬೇಕು ಎಂಬ ಚರ್ಚೆಯೂ ಮಕ್ಕಳ ಟೀವಿ ಕಾರ್ಯಕ್ರಮಗಳ ಹಾಡುಗಳೂ ತುಂಬಿಕೊಂಡಿದ್ದ ಅವನ ತಲೆ ಒಮ್ಮೆಲೇ ಖಾಲಿಯಾಗುತ್ತದೆ, ತನಗೆ ಮನುಷ್ಯರೆಂದರೆ ಇಷ್ಟವಿಲ್ಲ ಎಂಬುದು ಹೊಳೆಯುತ್ತದೆ. ಆಮೇಲೆ ಅವನು ಡೇರೆ ಹಾಕಿಕೊಂಡು ಕಾಡಿನಲ್ಲೇ ನೆಲೆಸುತ್ತಾನೆ. ಹಸಿವು ತಾಳಲಾರದೆ ಒಂದು ಹೆಣ್ಣು ಎಲ್ಕ್ ಅನ್ನು, ಅಂದರೆ ನಮ್ಮ ಕಡವೆಗಿಂತಲೂ ಬಹಳ ದೊಡ್ಡದಾದ ಕಾಡುಪ್ರಾಣಿಯನ್ನು, ಚಾಕುವಿನಿಂದ ಕೊಲ್ಲುತ್ತಾನೆ. ತಬ್ಬಲಿಯಾದ ಅದರ ಮರಿ ಕೊಂದವನನ್ನೇ ಹಿಂಬಾಲಿಸುತ್ತದೆ. ಓಡಿಸಿದರೂ ಹೋಗದ ಆ ಮರಿಗೆ ಅವನು ಬೊಂಗೊ ಎಂದು ಹೆಸರಿಡುತ್ತಾನೆ.

ನಮ್ಮ ಓದುಗರ ಬಳಗದಲ್ಲಿ ಅರ್ಧದಷ್ಟು ಜನ ಅವನನ್ನು ಮೆಚ್ಚಿಕೊಂಡರು, ಉಳಿದವರು ಹೊಣೆಗೇಡಿ ಎಂದರು. ನನ್ನ ಅನುಭವ ಬೇರೆ. ಕಳೆದ ವರ್ಷ ನಮ್ಮ ತಂದೆ ತೀರಿಕೊಂಡರು. ಹದಿಮೂರನೆಯ ದಿನ ವೈಕುಂಠ ಸಮಾರಾಧನೆ ಮುಗಿಸಿ, ಹದಿನಾಲ್ಕನೆಯ ದಿನ ಬೆಳಿಗ್ಗೆ ಒಂಬತ್ತಕ್ಕೆ ಲ್ಯಾಪ್‌ಟಾಪ್ ತೆರೆದು ಕೆಲಸಕ್ಕೆ ಕುಳಿತೆ. ಮೊದಲ ಮೀಟಿಂಗಿನಲ್ಲಿ ಯಾರೋ ಸಂತಾಪ ಹೇಳಿದರು. ಎರಡನೆಯದರಲ್ಲಿ ಬಾಕಿ ಉಳಿದ ಕೆಲಸದ ಪಟ್ಟಿ ಬಂತು. ಈ ಪುಸ್ತಕ ನನಗೆ ಕಂಡದ್ದು ಹದಿನಾಲ್ಕನೆಯ ದಿನ ಲ್ಯಾಪ್‌ಟಾಪ್ ತೆರೆಯಲು ಒಪ್ಪದ ಒಬ್ಬ ಮಗನ ಕತೆಯಾಗಿ. ಡಾಪ್ಲರ್ ಸಮಾಜವನ್ನು ತೊರೆದು ಹೋದನೇ, ಅಥವಾ ಅಳಲು ಜಾಗ ಹುಡುಕಿಕೊಂಡು ಹೋದನೇ? ತಮಗೆ ಏನನ್ನಿಸಿತು ಎಂದು ದಯವಿಟ್ಟು ತಿಳಿಸಿ.

ನಿವೃತ್ತ ಮೇಷ್ಟ್ರು

ತಮ್ಮ ತಂದೆಯವರ ವಿಷಯ ಓದಿ ಬೇಸರವಾಯಿತು. ಪ್ರಶ್ನೆ ಒಳ್ಳೆಯದು. ಆದರೆ ಕಾಡಿಗೆ ಹೋದವರೆಲ್ಲರನ್ನೂ ವೈರಾಗ್ಯದ ಲೆಕ್ಕಕ್ಕೆ ಸೇರಿಸುವ ಅಭ್ಯಾಸ ನಮಗಿದೆ. ಅದನ್ನು ಮೊದಲು ಬದಿಗಿಡಬೇಕು.

ಮನುಸ್ಮೃತಿಯ ಆರನೆಯ ಅಧ್ಯಾಯದಲ್ಲಿ ವಾನಪ್ರಸ್ಥಕ್ಕೆ ಹೊರಡುವ ಸಮಯ ಯಾವುದೆಂದು ಸ್ಪಷ್ಟವಾಗಿ ಹೇಳಿದೆ. ಗೃಹಸ್ಥನು ತನ್ನ ಮೈಯ ಸುಕ್ಕನ್ನೂ ನರೆಯನ್ನೂ ಮಕ್ಕಳ ಮಕ್ಕಳನ್ನೂ ಕಂಡ ಮೇಲೆ, ಹೆಂಡತಿಯನ್ನು ಮಗನಿಗೆ ಒಪ್ಪಿಸಿಯೋ ಜೊತೆಗೆ ಕರೆದುಕೊಂಡೋ ಕಾಡಿಗೆ ಹೋಗಬೇಕು. ಅಲ್ಲಿ ಹೊಣೆ ಮುಗಿದಿರುತ್ತದೆ, ಉಳಿದದ್ದನ್ನು ಕೈಯೆತ್ತಿ ಕೊಟ್ಟಾಗಿರುತ್ತದೆ. ಡಾಪ್ಲರನ ಮಗ ಇನ್ನೂ ಪುಟ್ಟವನು, ಹೆಂಡತಿ ಮತ್ತೆ ಬಸುರಿಯಾಗುತ್ತಾಳೆ. ಆದ್ದರಿಂದ ಅವನನ್ನು ನಮ್ಮ ಯಾವ ಆಶ್ರಮದೊಳಗೂ ಕೂರಿಸಲಾಗದು. ಅವನು ಏನನ್ನೂ ತ್ಯಾಗ ಮಾಡಿಲ್ಲ, ಎದ್ದು ಹೋಗಿದ್ದಾನೆ, ಅಷ್ಟೆ.

ಪುಸ್ತಕದಲ್ಲಿ ನನ್ನನ್ನು ಹಿಡಿದು ನಿಲ್ಲಿಸಿದ್ದು ಹಾಲಿನ ಪ್ರಸಂಗ. ಮನುಷ್ಯರ ಸಹವಾಸವೇ ಬೇಡವೆಂದು ಬಂದವನಿಗೆ ಕೆನೆ ತೆಗೆದ ಹಾಲನ್ನು ಮಾತ್ರ ಬಿಡಲಾಗುವುದಿಲ್ಲ. ಅದಕ್ಕಾಗಿ ಅವನು ಕಾಡಿನಿಂದ ಇಳಿದು ಬಂದು, ಸೂಪರ್‌ಮಾರ್ಕೆಟ್ಟಿನ ಮ್ಯಾನೇಜರನ ಬಳಿ ಎಲ್ಕ್ ಮಾಂಸ ಕೊಟ್ಟು ಹಾಲು ಪಡೆಯುವ ಒಪ್ಪಂದ ಮಾಡಿಕೊಳ್ಳುತ್ತಾನೆ. ನಮ್ಮಲ್ಲಿ ಕೌಪೀನದ ಕತೆಯನ್ನು ಕೇಳದವರಿಲ್ಲ. ಸನ್ಯಾಸಿ ಒಂದು ಕೌಪೀನವನ್ನು ಒಣಗಲು ಹಾಕುತ್ತಾನೆ. ಅದನ್ನು ಇಲಿ ಕಡಿಯುತ್ತದೆಂದು ಬೆಕ್ಕು, ಬೆಕ್ಕಿಗೆ ಹಾಲು ಬೇಕೆಂದು ಹಸು, ಹಸುವನ್ನು ನೋಡಿಕೊಳ್ಳಲು ಹೆಂಡತಿ, ಹೀಗೆ ಸಂಸಾರವೇ ಮರಳಿ ಬಂದು ಕೂರುತ್ತದೆ. ‘ಕೌಪೀನ ಸಂರಕ್ಷಣಾರ್ಥಂ’ ಎಂಬ ಮಾತು ನಮ್ಮ ಮನೆಗಳಲ್ಲಿ ಗಾದೆಯಂತೆಯೇ ಬಳಕೆಯಲ್ಲಿದೆ. ಡಾಪ್ಲರನಿಗೂ ಹಾಗೆಯೇ ಆಗುತ್ತದೆ: ಹಾಲಿನ ಹಿಂದೆ ವ್ಯಾಪಾರ, ವ್ಯಾಪಾರದ ಹಿಂದೆ ಪರಿಚಯ, ಆಮೇಲೆ ಮಗ, ಕೊನೆಗೆ ಅವನನ್ನು ನೋಡಿ ಕಾಡಿಗೆ ಬರುವ ಅನುಯಾಯಿ. ಆದರೆ ನಮ್ಮ ಕತೆ ಸನ್ಯಾಸಿಯ ಮೋಹವನ್ನು ನೋಡಿ ನಗುತ್ತದೆ. ಲೋ ಹಾಗೆ ನಗುವುದಿಲ್ಲ. ಒಬ್ಬ ಮನುಷ್ಯನಿಗೆ ಇನ್ನೊಬ್ಬ ಮನುಷ್ಯ ಬೇಕಾಗುವುದನ್ನು ಅವನು ದೌರ್ಬಲ್ಯವೆಂದು ಎಣಿಸಿದಂತೆ ನನಗೆ ಕಾಣಲಿಲ್ಲ. ಆ ಹಾಲಿನ ಕಡೆಗೆ ಅವನಿಗೆ ಕರುಣೆಯಿದೆ.

ಹೀಗಾಗಿ ತಮ್ಮ ಪ್ರಶ್ನೆಗೆ ನನ್ನ ಉತ್ತರ: ಹೌದು, ಅವನು ಅಳಲು ಜಾಗ ಹುಡುಕಿ ಹೋದವನು. ಆದರೆ ಅಳುವುದಕ್ಕೆ ಬೇಕಾದ ಭಾಷೆ ಅವನ ಬಳಿ ಇಲ್ಲವಾದ್ದರಿಂದ ಉದ್ದಕ್ಕೂ ವಾದಿಸುತ್ತಾನೆ, ಬೈಯುತ್ತಾನೆ, ಎಲ್ಕ್ ಮರಿಗೆ ಪಾಠ ಹೇಳುತ್ತಾನೆ.

ಓಸ್ಲೋ ಕನ್ನಡತಿ

ನಾನು ಓಸ್ಲೋದಲ್ಲಿ ಹನ್ನೊಂದು ವರ್ಷದಿಂದ ವಾಸವಾಗಿದ್ದೇನೆ, ಕಾದಂಬರಿಯನ್ನು ನಾರ್ವೇಜಿಯನ್ ಭಾಷೆಯಲ್ಲೇ ಓದಿದೆ. ಇಲ್ಲಿಂದ ನೋಡಿದರೆ ಮಾತ್ರ ಕಾಣುವ ಒಂದೆರಡು ಸಂಗತಿಗಳನ್ನು ಹೇಳುತ್ತೇನೆ.

ಡಾಪ್ಲರ್ ಹೋಗಿ ಕೂರುವ ಕಾಡು ನಾವು ಊಹಿಸಿಕೊಳ್ಳುವ ದೂರದ ಅರಣ್ಯವಲ್ಲ. ಓಸ್ಲೋಮಾರ್ಕಾ ಎಂಬ ಈ ಕಾಡು ನಗರವನ್ನು ಸುತ್ತುವರಿದುಕೊಂಡೇ ಇದೆ. ಸುಮಾರು 1,700 ಚದರ ಕಿಲೋಮೀಟರ್ ವಿಸ್ತಾರವಾಗಿದೆ. ಸೋನ್ಸ್‌ವಾನ್ ನಿಲ್ದಾಣದಲ್ಲಿ ಮೆಟ್ರೋ ಇಳಿದು ಕೆಲವು ನಿಮಿಷ ನಡೆದರೆ ಕೆರೆ, ಅದರಾಚೆ ಮರಗಳು. ಭಾನುವಾರ ಬಂತೆಂದರೆ ಇಡೀ ಊರೇ ಥರ್ಮಾಸ್ ಫ್ಲಾಸ್ಕು, ಕಿತ್ತಳೆ, ಚಾಕೊಲೇಟು ಹಿಡಿದು ಅಲ್ಲಿರುತ್ತದೆ. ಕಾಡಿಗೆ ಹೋಗುವುದು ಇಲ್ಲಿ ಬಂಡಾಯವಲ್ಲ, ಸಭ್ಯ ನಾಗರಿಕನ ಲಕ್ಷಣ. ಖಾಸಗಿ ಒಡೆತನದ ಕಾಡಿನಲ್ಲೂ ಯಾರು ಬೇಕಾದರೂ ಓಡಾಡಬಹುದೆಂಬ ಹಳೆಯ ರೂಢಿಗೆ 1957ರಲ್ಲಿ ಕಾನೂನಿನ ಬಲವೂ ಬಂತು. ಡೇರೆ ಹಾಕಬಹುದು, ಆದರೆ ಜನವಸತಿಯ ಮನೆಯಿಂದ 150 ಮೀಟರ್ ದೂರವಿರಬೇಕು, ಒಂದೇ ಜಾಗದಲ್ಲಿ ಎರಡು ದಿನಕ್ಕಿಂತ ಹೆಚ್ಚು ಇರಬೇಕಾದರೆ ಸಾಮಾನ್ಯವಾಗಿ ಜಮೀನಿನ ಒಡೆಯರ ಒಪ್ಪಿಗೆ ಬೇಕು. ಡಾಪ್ಲರ್ ಮಾಡುವುದೆಲ್ಲ ಇಷ್ಟೇ: ಎಲ್ಲರೂ ಭಾನುವಾರ ಮಾಡುವುದನ್ನು ಅವನು ಸೋಮವಾರವೂ ನಿಲ್ಲಿಸುವುದಿಲ್ಲ. ನಾರ್ವೆಯ ಓದುಗರಿಗೆ ನಗು ಬರುವುದೂ ಹೆದರಿಕೆಯಾಗುವುದೂ ಅಲ್ಲೇ ಎಂದು ನನ್ನ ಅನಿಸಿಕೆ. ಎಲ್ಕ್ ಬೇಟೆಯೂ ಇಲ್ಲಿ ವಿಚಿತ್ರವಲ್ಲ. ಶರತ್ಕಾಲದಲ್ಲಿ ಪರವಾನಗಿ ಪಡೆದು ದೇಶದಾದ್ಯಂತ ವರ್ಷಕ್ಕೆ ಮೂವತ್ತು ಸಾವಿರದ ಆಸುಪಾಸು ಎಲ್ಕ್‌ಗಳನ್ನು ಹೊಡೆಯುತ್ತಾರೆ. ಪರವಾನಗಿಯಿಲ್ಲದೆ, ಒಂಟಿಯಾಗಿ, ಚಾಕುವಿನಿಂದ ಕೊಂದದ್ದೇ ಅವನನ್ನು ಸಮಾಜದಿಂದ ಹೊರಗಿಡುವ ಕೆಲಸ.

ಇನ್ನೊಂದು ಮಾತು. ಅವನು ಸಿಟ್ಟಿನಿಂದ ಮತ್ತೆ ಮತ್ತೆ ಹಿಡಿದುಕೊಳ್ಳುವ ಪದ ‘ಫ್ಲಿಂಕ್’. ತಾನು ಹುಟ್ಟಿದಂದಿನಿಂದ ಫ್ಲಿಂಕ್ ಆಗಿಯೇ ಇದ್ದೆ, ಓದಿನಲ್ಲಿ, ಕೆಲಸದಲ್ಲಿ, ಮನೆಯಲ್ಲಿ, ಅದೇ ತನ್ನನ್ನು ತಿಂದು ಹಾಕಿತು ಎಂಬುದು ಅವನ ಅಳಲು. ಇಂಗ್ಲಿಷಿನಲ್ಲಿ ಈ ಪದಕ್ಕೆ ಸರಿಸಾಟಿ ಹುಡುಕುವುದು ಕಷ್ಟ. ಕನ್ನಡದಲ್ಲಿ ಅದು ನಮ್ಮ ನಾಲಿಗೆಯ ಮೇಲೇ ಇದೆ: ಜಾಣ. ನನ್ನ ಮಗನ ಶಿಶುವಿಹಾರದಲ್ಲಿ ಮಗು ಬೂಟನ್ನು ತಾನೇ ಹಾಕಿಕೊಂಡರೆ ‘ಫ್ಲಿಂಕ್ ಗುಟ್’ ಎನ್ನುತ್ತಾರೆ. ಅದೇ ಹೊತ್ತಿಗೆ ಊರಿನಿಂದ ವಿಡಿಯೋ ಕರೆಯಲ್ಲಿ ನಮ್ಮಮ್ಮ ‘ನನ್ನ ಜಾಣಮರಿ’ ಎನ್ನುತ್ತಾರೆ. ಎರಡೂ ಪ್ರೀತಿಯ ಮಾತೇ. ಎರಡರಲ್ಲೂ ‘ಹೇಳಿದ್ದನ್ನು ಮಾಡಿದೆಯಲ್ಲ’ ಎಂಬ ಮೆಚ್ಚುಗೆ ಅಡಗಿದೆ. ಹೊಳೆದಂಡೆಯವರೇ, ಹದಿನಾಲ್ಕನೆಯ ದಿನ ತಾವು ಲ್ಯಾಪ್‌ಟಾಪ್ ತೆರೆದದ್ದು ಈ ಅರ್ಥದಲ್ಲಿ ಜಾಣತನವೇ ಆಗಿತ್ತು. ಅದನ್ನು ಓದಿದಾಗ ನನಗೆ ಡಾಪ್ಲರನ ಸಿಟ್ಟು ಮೊದಲಿಗಿಂತ ಚೆನ್ನಾಗಿ ಅರ್ಥವಾಯಿತು.

ತುಂಬೆಹೂವು

ಮೂವರ ಮಾತನ್ನೂ ಗೌರವದಿಂದ ಓದಿದೆ. ಆದರೆ ಈ ಚರ್ಚೆಯಲ್ಲೂ ಡಾಪ್ಲರನ ಹೆಂಡತಿ ಒಂದು ವಾಕ್ಯದಲ್ಲಿ ಬಂದು ಹೋಗಿದ್ದಾಳೆ. ಕಾದಂಬರಿಯಲ್ಲಿ ಅವಳ ಗತಿಯೂ ಅದೇ.

ಕತೆ ಹೇಳುವವನು ಡಾಪ್ಲರನೇ ಆದ್ದರಿಂದ ಅವಳ ಸಿಟ್ಟು ನಮಗೆ ತಲುಪುವುದು ಅವನ ಬಾಯಿಂದ. ಅವನಿಗೆ ಅದು ದೂರದಲ್ಲಿ ಕೇಳುವ ಗದ್ದಲ. ದುಡಿದುಕೊಂಡು, ಇಬ್ಬರು ಮಕ್ಕಳನ್ನು ನೋಡಿಕೊಂಡು, ಮೂರನೆಯದನ್ನು ಹೊತ್ತುಕೊಂಡು ಅವಳು ‘ಮನೆಗೆ ಬಾ’ ಎಂದು ಕರೆದರೆ, ನಮಗೆ ಅವಳು ಅವನ ಶಾಂತಿ ಕೆಡಿಸಲು ಬಂದವಳಂತೆ ಕಾಣುತ್ತಾಳೆ. ನಾನೂ ಮೊದಲು ನಕ್ಕೆ, ಆಮೇಲೆ ಯಾರ ಪರವಾಗಿ ನಗುತ್ತಿದ್ದೇನೆ ಎಂಬುದು ತಿಳಿದು ಪುಸ್ತಕವನ್ನು ಒಂದು ವಾರ ಮುಚ್ಚಿಟ್ಟೆ.

ನಮ್ಮ ದೊಡ್ಡಪ್ಪ ನಾನು ಎಂಟು ವರ್ಷದವಳಿದ್ದಾಗ ಮನೆ ಬಿಟ್ಟು ಹೋದರು. ಜಗಳವಿರಲಿಲ್ಲ, ಸಾಲವಿರಲಿಲ್ಲ. ಎಲ್ಲೋ ಒಂದು ಆಶ್ರಮದಲ್ಲಿದ್ದಾರೆಂದು ಎರಡು ವರ್ಷದ ಮೇಲೆ ಸುದ್ದಿ ಬಂತು. ಊರವರು ಅವರನ್ನು ‘ವಿರಕ್ತರು’ ಎಂದು ಕೈಮುಗಿದು ನೆನೆಯುತ್ತಿದ್ದರು. ರೇಷನ್ ಕಾರ್ಡ್ ಬದಲಾಯಿಸುವಾಗೆಲ್ಲ ಕಚೇರಿಯಲ್ಲಿ ‘ಯಜಮಾನರ ಸಹಿ’ ಕೇಳುತ್ತಿದ್ದರು. ತೀರಿಕೊಂಡಿದ್ದಾರೆ ಎನ್ನುವಂತಿಲ್ಲ, ಇದ್ದಾರೆ ಎಂದರೆ ಕರೆತರುವಂತಿಲ್ಲ. ದೊಡ್ಡಮ್ಮ ಪ್ರತಿ ಸಲವೂ ಸೆರಗಿನ ತುದಿಯನ್ನು ಬೆರಳಿಗೆ ಸುತ್ತಿಕೊಂಡು ನಿಂತು, ‘ಕೆಲಸದ ಮೇಲೆ ಹೊರಗಡೆ ಹೋಗಿದ್ದಾರೆ’ ಎನ್ನುತ್ತಿದ್ದರು. ಜೊತೆಗೆ ಹೋಗುತ್ತಿದ್ದ ನಾನು ಆ ಮಾತನ್ನು ಹಲವು ಸಲ ಕೇಳಿದ್ದೇನೆ. ಒಬ್ಬರು ಸಮಾಜದಿಂದ ಹಿಂದೆ ಸರಿದರೆ ಅವರ ಪಾಲಿನ ಸಮಾಜವನ್ನು ಇನ್ನೊಬ್ಬರು ಹೊರಬೇಕಾಗುತ್ತದೆ. ಡಾಪ್ಲರನ ದುಃಖವನ್ನು ನಾನು ಅಲ್ಲಗಳೆಯುವುದಿಲ್ಲ. ಆದರೆ ಅವನ ಹೆಂಡತಿಯ ತಂದೆ ಸತ್ತಿದ್ದರೆ ಅವಳು ಕಾಡಿಗೆ ಹೋಗಬಹುದಿತ್ತೇ, ಹೋಗಿದ್ದರೆ ಆ ಪುಸ್ತಕ ಓದಿ ನಾವು ಇಷ್ಟು ನಗುತ್ತಿದ್ದೆವೇ ಎಂದು ಕೇಳಬೇಕೆನ್ನಿಸುತ್ತದೆ.

ನಿವೃತ್ತ ಮೇಷ್ಟ್ರು

ತುಂಬೆಹೂವು ಅವರೇ, ತಾವು ಹೇಳಿದ್ದು ಸರಿ. ಹೆಂಡತಿಯನ್ನು ‘ಮಗನಿಗೆ ಒಪ್ಪಿಸಿ’ ಎಂದು ಸ್ಮೃತಿಯನ್ನು ಉದ್ಧರಿಸುವಾಗ ಆ ಒಪ್ಪಿಸುವಿಕೆಗೆ ಅವಳ ಒಪ್ಪಿಗೆ ಇತ್ತೇ ಎಂದು ನಾನು ಯೋಚಿಸಲಿಲ್ಲ. ತಮ್ಮ ದೊಡ್ಡಮ್ಮನವರ ಪ್ರಸಂಗ ಓದಿದ ಮೇಲೆ ಮತ್ತೆ ಆ ಪುಟಗಳನ್ನು ತೆರೆದು, ಡಾಪ್ಲರನ ಮಾತುಗಳ ನಡುವೆ ಅವಳು ನಿಜವಾಗಿ ಆಡಿದ ಮಾತು ಎಷ್ಟಿವೆ ಎಂದು ಪೆನ್ಸಿಲಿನಿಂದ ಗುರುತು ಹಾಕಿಕೊಂಡು ಓದುತ್ತಿದ್ದೇನೆ. ಅವನ ದನಿಯನ್ನು ಪಕ್ಕಕ್ಕೆ ಸರಿಸಿದರೆ ಅವಳು ಕೇಳುವುದೆಲ್ಲ ನ್ಯಾಯವಾದದ್ದೇ. ಇದು ಲೇಖಕನಿಗೂ ಗೊತ್ತಿತ್ತೆಂದೇ ನನಗೆ ತೋರುತ್ತದೆ.

ಹೊಳೆದಂಡೆ

ಎಲ್ಲರಿಗೂ ಕೃತಜ್ಞತೆಗಳು. ತುಂಬೆಹೂವು ಅವರ ಬರಹ ಓದಿ ಎರಡು ದಿನ ಉತ್ತರಿಸಲಾಗಲಿಲ್ಲ. ನಾನು ಮಗನಾಗಿ ಮಾತ್ರ ಓದಿದ್ದೆ. ಆ ಹದಿಮೂರು ದಿನ ಬಂದವರಿಗೆಲ್ಲ ಕಾಫಿ ಮಾಡಿಕೊಟ್ಟ ನನ್ನ ಹೆಂಡತಿಯ ಕಡೆಯಿಂದ ಈ ಕತೆಯನ್ನು ನೋಡಿರಲಿಲ್ಲ.

ಯಾರೂ ಮುಟ್ಟದ ಒಂದು ಪಾತ್ರವನ್ನು ಇಲ್ಲಿ ಸೇರಿಸುತ್ತೇನೆ. ಡಾಪ್ಲರ್ ಆಹಾರ ಕದಿಯಲು ಹೋಗುವ ಮನೆಯ ಒಡೆಯನನ್ನು ಅವನು ಡಸೆಲ್‌ಡಾರ್ಫ್ ಎಂದು ಕರೆಯುತ್ತಾನೆ. ಆ ಮುದುಕನ ತಂದೆ ಎರಡನೆಯ ಮಹಾಯುದ್ಧದಲ್ಲಿ ಆರ್ಡೆನ್ಸ್ ಪ್ರದೇಶದಲ್ಲಿ ಸತ್ತ ಜರ್ಮನ್ ಸೈನಿಕ. ತಾನು ಕಂಡೇ ಇರದ ತಂದೆ ಸತ್ತ ಆ ಕ್ಷಣವನ್ನು ಅವನು ಪುಟ್ಟ ಪುಟ್ಟ ಮಾದರಿಗಳಲ್ಲಿ ಕಟ್ಟುತ್ತ ಕುಳಿತಿದ್ದಾನೆ. ಡಾಪ್ಲರನೂ ತಂದೆಯ ನೆನಪಿಗೆ ಮರದ ಟೋಟೆಮ್ ಕಂಬ ಕೆತ್ತುತ್ತಾನೆ. ಒಬ್ಬನು ಮನೆಯೊಳಗಿದ್ದೇ ಮಾಡಿದ್ದನ್ನು ಇನ್ನೊಬ್ಬನು ಕಾಡಿಗೆ ಹೋಗಿ ಮಾಡಬೇಕಾಯಿತು. ತುಂಬೆಹೂವು ಅವರ ಆಕ್ಷೇಪಕ್ಕೆ ಕಾದಂಬರಿಯೊಳಗೇ ಸಿಗುವ ಅರ್ಧ ಉತ್ತರ ಇದಿರಬಹುದು ಎನ್ನಿಸಿತು. ಉಳಿದರ್ಧಕ್ಕೆ ನನ್ನಲ್ಲಿ ಉತ್ತರವಿಲ್ಲ.

ಓಸ್ಲೋದ ಮೇಡಂ ಅವರಲ್ಲಿ ಒಂದು ಕೋರಿಕೆ. ತಂದೆ ಸತ್ತದ್ದನ್ನೂ ಎಲ್ಕ್ ಕೊಂದದ್ದನ್ನೂ ಒಂದರ ಬೆನ್ನಿಗೆ ಒಂದು ಹೇಳುವ ಕಾದಂಬರಿಯ ಆರಂಭ ಮೂಲದಲ್ಲಿಯೂ ಅಷ್ಟೇ ಬಿರುಸಾಗಿದೆಯೇ? ಆ ಮೊದಲ ಪುಟವನ್ನು ಕನ್ನಡಕ್ಕೆ ತರಲು ಪ್ರಯತ್ನಿಸುತ್ತಿದ್ದೇನೆ.

ಓಸ್ಲೋ ಕನ್ನಡತಿ

ಅಷ್ಟೇ ಬಿರುಸಾಗಿದೆ. ಮೊದಲ ವಾಕ್ಯಕ್ಕೆ ನಾರ್ವೇಜಿಯನ್ನಿನಲ್ಲಿ ನಾಲ್ಕೇ ಪದ, ಯಾವ ಮರ್ಯಾದೆಯ ಹೊದಿಕೆಯೂ ಇಲ್ಲ. ತಮಗೆ ಕಷ್ಟವಾಗುವುದು ಅಲ್ಲೇ ಎಂದು ನನಗನ್ನಿಸುತ್ತದೆ. ‘ತೀರಿಕೊಂಡರು’ ಎಂದರೆ ಡಾಪ್ಲರ್ ತೀರಾ ಜಾಣ ಮಗನಾಗಿಬಿಡುತ್ತಾನೆ. ‘ಸತ್ತಿದ್ದಾನೆ’ ಎಂದರೆ ಮೂಲದಲ್ಲಿಲ್ಲದ ಒರಟುತನ ಬರುತ್ತದೆ. ‘ಅಪ್ಪ ಇಲ್ಲ’ ಎಂದು ಬರೆದು ನೋಡಿ. ಎಲ್ಕ್‌ನ ವಾಕ್ಯದಲ್ಲಿ ಮಾತ್ರ ‘ಜೀವ ತೆಗೆದೆ’ ಎಂಬುದನ್ನು ಬಿಡಬೇಡಿ, ಮೂಲದಲ್ಲೂ ಜೀವ ಎಂಬ ಪದವೇ ಇದೆ. ಮೊದಲ ಪುಟ ಆದಾಗ ಇಲ್ಲಿ ಹಾಕಿ, ಮೂಲವನ್ನು ಪಕ್ಕದಲ್ಲಿಟ್ಟುಕೊಂಡು ಸಾಲು ಸಾಲಾಗಿ ನೋಡಿಕೊಡುತ್ತೇನೆ.