1942ರ ಶ್ಯಾಮಪ್ರಸಾದ್ ಮುಖರ್ಜಿ: ರಾಜೀನಾಮೆ ಕೊಟ್ಟರೆ ಲೆಕ್ಕ ಚುಕ್ತಾನಾ?

ತುಂಗಾತೀರ:
ಮುಖರ್ಜಿ ಹೆಸರು ಬಂದರೆ ನಮ್ಮಲ್ಲಿ ಜನಸಂಘ ಪಕ್ಷ ಕಟ್ಟಿದ್ದು, ಕಾಶ್ಮೀರ, 1953ರ ಸಾವು, ಇಷ್ಟೇ ಮಾತು. ನನಗೆ ಕುತೂಹಲ ಇರುವುದು ಅದಕ್ಕೂ ಹತ್ತು ವರ್ಷ ಹಿಂದಿನ ಕತೆ. 1941ರ ಡಿಸೆಂಬರಿನಲ್ಲಿ ಬಂಗಾಳದ ಹಣಕಾಸು ಮಂತ್ರಿ ಆದರು. 1942ರ ನವೆಂಬರಿನಲ್ಲಿ ರಾಜೀನಾಮೆ ಬಿಸಾಕಿ ಹೊರಬಂದರು. ನಡುವೆ ಬರ್ಮಾದ ರಂಗೂನ್ ಜಪಾನೀಯರ ಕೈಸೇರಿತ್ತು, ಕ್ವಿಟ್ ಇಂಡಿಯಾ ಶುರುವಾಗಿತ್ತು, ಬಂಗಾಳದ ಕರಾವಳಿ ಜಿಲ್ಲೆ ಮಿಡ್ನಾಪುರಕ್ಕೆ ಚಂಡಮಾರುತ ಬಡಿದಿತ್ತು. ಯುದ್ಧದ ನಡುವೆ ಕುರ್ಚಿ ಬಿಡೋದು ದಿಟ್ಟತನ ಅಂತ ನನ್ನ ಅನಿಸಿಕೆ. ಏನಂತೀರಿ?

ಕಾಫಿಪುಡಿ:
ಸ್ವಾಮಿ, ನವೆಂಬರ್ ನೆನಪಿದೆ, ಜುಲೈ ಮರೆತಿರಿ. 1942ರ ಜುಲೈ 26ಕ್ಕೆ ಇದೇ ಮುಖರ್ಜಿ ಬಂಗಾಳದ ಗವರ್ನರ್ ಜಾನ್ ಹರ್ಬರ್ಟ್‌ಗೆ ಪತ್ರ ಬರೆದರು. ಕಾಂಗ್ರೆಸ್ ಚಳವಳಿ ಬಂಗಾಳದಲ್ಲಿ ಬೇರೂರದಂತೆ ಹೇಗೆ ತಡೆಯಬೇಕು ಅನ್ನೋದು ಅದರ ಸಾರ. ಯುದ್ಧದ ಹೊತ್ತಲ್ಲಿ ಜನರನ್ನು ಕೆರಳಿಸುವವರನ್ನು ಯಾವ ಸರ್ಕಾರವಾದರೂ ಎದುರಿಸಲೇಬೇಕು ಅಂತ ವಾದ. ಆಮೇಲೆ ಮಿಡ್ನಾಪುರದಲ್ಲಿ ಪೊಲೀಸರು ಅದನ್ನೇ ಮಾಡಿದರು, ಅಲ್ವಾ? ಸೆಪ್ಟೆಂಬರ್ 29ಕ್ಕೆ ತಾಮ್ಲುಕ್‌ನಲ್ಲಿ ಧ್ವಜ ಹಿಡಿದು ಹೊರಟ ಮಾತಂಗಿನಿ ಹಾಜ್ರಾ ಗುಂಡಿಗೆ ಬಿದ್ದರು. 70 ದಾಟಿದ ಮುದುಕಿ.

ಹಳೆ ಮೇಷ್ಟ್ರು:
ಇಬ್ಬರೂ ಸ್ವಲ್ಪ ತಾಳಿ. ಮುಖರ್ಜಿ ಬೀದಿ ಹೋರಾಟದಿಂದ ಬಂದವರಲ್ಲ, ವಿಶ್ವವಿದ್ಯಾಲಯದ ಪಡಸಾಲೆಯಲ್ಲಿ ಬೆಳೆದವರು. ಅಪ್ಪ ಆಶುತೋಷ್ ಮುಖರ್ಜಿ ಕಲ್ಕತ್ತ ವಿ.ವಿ. ಕುಲಪತಿ. ಮಗ 1934ರಲ್ಲಿ, 33ನೇ ವಯಸ್ಸಿಗೆ ಅದೇ ಕುರ್ಚಿಯಲ್ಲಿ ಕೂತರು. ಎಂ.ಎ. ಮಾಡಿದ್ದು ಬಂಗಾಳಿಯಲ್ಲಿ. 1937ರ ಘಟಿಕೋತ್ಸವಕ್ಕೆ ಟಾಗೋರರನ್ನು ಕರೆಸಿದರು, ಕವಿಗಳು ಬಂಗಾಳಿಯಲ್ಲೇ ಮಾತಾಡಿದರು. ಅಲ್ಲಿ ಅದೇ ಮೊದಲು.
ನಮ್ಮ ಮೈಸೂರಿಗೂ ಒಂದು ಎಳೆ ಇದೆ, ವಿಷಯ ಬಿಟ್ಟು ಹೇಳುತ್ತಿದ್ದೇನೆ, ಕ್ಷಮಿಸಿ. 1921ರಲ್ಲಿ ಬ್ರಜೇಂದ್ರನಾಥ ಸೀಲ್ ಕಲ್ಕತ್ತದ ತತ್ವಶಾಸ್ತ್ರ ಪೀಠ ಬಿಟ್ಟು ಮೈಸೂರಿಗೆ ಕುಲಪತಿಯಾಗಿ ಬಂದರು. ಅದೇ ಪೀಠಕ್ಕೆ ಇಲ್ಲಿಂದ ರಾಧಾಕೃಷ್ಣನ್ ಹೋದರು. ಕರೆಸಿಕೊಂಡದ್ದು ಆಶುತೋಷರೇ.
ನನ್ನ ಮಾತು ಇಷ್ಟೇ. ಕುಲಪತಿಗೆ ಕಡತ, ಸಮಿತಿ, ಪತ್ರ ಇವುಗಳ ಮೇಲೆ ನಂಬಿಕೆ ಜಾಸ್ತಿ. ಒಳಗೆ ಕೂತು ಸರಿಮಾಡುತ್ತೇನೆ ಅಂದುಕೊಳ್ಳುತ್ತಾರೆ. ಜುಲೈ ಪತ್ರದ ಹಿಂದೆ ನನಗೆ ಕಾಣೋದು ಆ ಭ್ರಮೆ.

ಕಾಫಿಪುಡಿ:
ಮೇಷ್ಟ್ರೇ, ಭ್ರಮೆ ಅಂದುಬಿಟ್ಟರೆ ಎಲ್ಲರೂ ಪಾರು. ಅವರು ಅಷ್ಟೊತ್ತಿಗೆ ಹಿಂದೂ ಮಹಾಸಭಾದ ದೊಡ್ಡ ನಾಯಕರು, ಮಗು ಅಲ್ಲ.

ಮಂಜು ಹಾಸನ:
ಆದರೆ ಮಂತ್ರಿ ಆದದ್ದು ಯಾರ ಜೊತೆ ನೋಡಿ. ಮುಖ್ಯಮಂತ್ರಿ ಫಜಲುಲ್ ಹಕ್. 1940ರಲ್ಲಿ ಮುಸ್ಲಿಂ ಲೀಗಿನ ಲಾಹೋರ್ ನಿರ್ಣಯ, ಅಂದರೆ ಮುಂದೆ ಪಾಕಿಸ್ತಾನದ ಬೇಡಿಕೆ ಅನಿಸಿಕೊಂಡದ್ದು, ಮಂಡಿಸಿದವರು, ಆಮೇಲೆ ಜಿನ್ನಾ ಜೊತೆ ಜಗಳ ಆಡಿ ಹೊರಬಂದವರು. ಜನ ಅದನ್ನು ಶ್ಯಾಮಾ-ಹಕ್ ಮಂತ್ರಿಮಂಡಲ ಅಂತಲೇ ಕರೆದರು. ಇವತ್ತು ಎರಡೂ ಕಡೆಯವರಿಗೆ ಈ ಜೋಡಿ ನುಂಗಲಾರದ ತುತ್ತು.
ಇನ್ನು ಅಧಿಕಾರದ ಮಾತು. ಜಪಾನೀಯರಿಗೆ ಸಿಗಬಾರದು ಅಂತ ಸರ್ಕಾರ ಕರಾವಳಿಯ ದೋಣಿಗಳನ್ನು ಕಿತ್ತುಕೊಂಡಿತು. ಹತ್ತು ಜನಕ್ಕಿಂತ ಜಾಸ್ತಿ ಕೂರುವ ದೋಣಿ ಅಂದರೆ ಹೋಯಿತು. ಬಂಗಾಳದಲ್ಲಿ ದೋಣಿ ಅಂದರೆ ನಮ್ಮೂರಿನ ಎತ್ತಿನಗಾಡಿ ಇದ್ದ ಹಾಗೆ. ಮೀನು, ಭತ್ತ, ಸಂತೆ ಎಲ್ಲ ಅದರ ಮೇಲೆ. ಇದರ ಜೊತೆಗೆ ಅಕ್ಕಿಯನ್ನೂ ಕರಾವಳಿಯಿಂದ ಸಾಗಿಸಿದರು. ಗವರ್ನರ್ ತಮ್ಮನ್ನು ದಾಟಿ ನೇರ ಅಧಿಕಾರಿಗೇ ಆದೇಶ ಕೊಟ್ಟರು ಅಂತ ಹಕ್ ಬರವಣಿಗೆಯಲ್ಲೇ ದೂರಿದರು. ಮುಖ್ಯಮಂತ್ರಿ ಗತಿಯೇ ಹೀಗಾದರೆ ಹಣಕಾಸು ಮಂತ್ರಿ ಏನು ಮಾಡಿಯಾರು?

ಕಾಫಿಪುಡಿ:
ಅದು ಗೊತ್ತಾದ ದಿನವೇ ಹೊರಬರಬಹುದಿತ್ತು.

ಹಳೆ ಮೇಷ್ಟ್ರು:
ಒಪ್ಪಿದೆ. ಆದರೆ ಹೊರಬಂದ ಕಾರಣ ಸಣ್ಣದಲ್ಲ. ಅಕ್ಟೋಬರ್ 16ರ ಚಂಡಮಾರುತಕ್ಕೆ ಸುಮಾರು 14,500 ಜನ, 1 ಲಕ್ಷ 90 ಸಾವಿರ ಜಾನುವಾರು ಸತ್ತವು. ಯುದ್ಧದ ಸೆನ್ಸಾರ್, ಸುದ್ದಿಯೇ ಬೇಗ ಹೊರಬರಲಿಲ್ಲ. ಅಲ್ಲಿನವರು ಚಳವಳಿಗಾರರು ಅಂತ ಅಧಿಕಾರಿಗಳು ಪರಿಹಾರ ತಡೆದರು, ಮನೆ ಸುಟ್ಟರು ಅನ್ನೋದು ಮುಖರ್ಜಿಯವರ ಆರೋಪ. ಉಪ್ಪುನೀರು ನುಗ್ಗಿದ ಗದ್ದೆ, ತೇಲುವ ದನದ ಹೆಣ, ಮೇಲಿಂದ ಪೊಲೀಸ್. ಅದನ್ನು ಬರೆದಿಟ್ಟೇ ಕುರ್ಚಿ ಬಿಟ್ಟರು.

ಮಂಜು ಹಾಸನ:
ಮುಂದಿನ ವರ್ಷವೇ ಬರಗಾಲ. ಕಲ್ಕತ್ತದ ಮನೆಗಳ ಬಾಗಿಲಲ್ಲಿ ಹಳ್ಳಿಯ ಹೆಂಗಸರು ಅನ್ನ ಕೇಳಲಿಲ್ಲ, "ಫ್ಯಾನ್ ದಾವ್" ಅಂದರು. ಫ್ಯಾನ್ ಅಂದರೆ ಅನ್ನ ಬಸಿದ ಗಂಜಿ. ನಮ್ಮಲ್ಲಿ ಹಸುವಿನ ಕಲಗಚ್ಚಿಗೆ ಸುರಿಯುವುದು. ಸತ್ತವರು 30 ಲಕ್ಷದವರೆಗೆ ಅನ್ನುತ್ತಾರೆ, ಸರ್ಕಾರದ ಆಯೋಗ 15 ಲಕ್ಷ ಅಂದಿತು. ಮುಖರ್ಜಿ ಪರಿಹಾರ ಕೆಲಸಕ್ಕೆ ಇಳಿದು ಚಂದಾ ಎತ್ತಿದರು. ಮಹಾಸಭಾ ನೆರವು ಹಿಂದೂಗಳಿಗೇ ಜಾಸ್ತಿ ಹೋಯಿತು ಅನ್ನೋ ಟೀಕೆ ಆಗಲೇ ಇತ್ತು.

ತುಂಗಾತೀರ:
ಜುಲೈ ಪತ್ರದ ವಿಷಯ ನಾನು ಮೊದಲೇ ಬರೆಯಬೇಕಿತ್ತು, ತಪ್ಪು ನನ್ನದು. ಆದರೂ ಒಂದು ಕೇಳುತ್ತೇನೆ. ಆ ಮಂತ್ರಿಮಂಡಲದಲ್ಲಿ ಉಳಿದವರು ಕೂತೇ ಇದ್ದರಲ್ಲ, 1943ರ ಮಾರ್ಚ್‌ನಲ್ಲಿ ಹರ್ಬರ್ಟ್ ಹಕ್ ಕೈಲಿ ರಾಜೀನಾಮೆ ಬರೆಸಿಕೊಳ್ಳುವವರೆಗೆ?

ಕಾಫಿಪುಡಿ:
ಅದಕ್ಕೆ ನನ್ನಲ್ಲಿ ಉತ್ತರ ಇಲ್ಲ. ಪತ್ರವನ್ನಂತೂ ನಾನು ಬಿಡಲ್ಲ.